‘ಎಲ್ಲಿಂಗ್’ ನಿರ್ದೇಶಕ ಪೆಟ್ಟರ್ ನೆಸ್ ಅವರ ಉಳಿದ ಚಿತ್ರಗಳಲ್ಲಿ ಯಾವುದನ್ನು ನೋಡಬೇಕು?

ಚಿತ್ರರಸಿಕ (ಪ್ರಶ್ನೆ):
2002ರ ಆಸ್ಕರ್‌ನಲ್ಲಿ ವಿದೇಶಿ ಭಾಷಾ ಚಿತ್ರಗಳ ಅಂತಿಮ ಐದರಲ್ಲಿ ನಮ್ಮ ‘ಲಗಾನ್’ ಇದ್ದದ್ದು, ಪ್ರಶಸ್ತಿ ಬೋಸ್ನಿಯಾದ ‘ನೋ ಮ್ಯಾನ್ಸ್ ಲ್ಯಾಂಡ್’ ಪಾಲಾದದ್ದು ಅನೇಕರಿಗೆ ನೆನಪಿರಬಹುದು. ಅದೇ ಐದರಲ್ಲಿದ್ದ ನಾರ್ವೆಯ ‘ಎಲ್ಲಿಂಗ್’ ಚಿತ್ರವನ್ನು ಇತ್ತೀಚೆಗೆ ನೋಡಿದೆ. ಮಾನಸಿಕ ಚಿಕಿತ್ಸಾ ಕೇಂದ್ರದಿಂದ ಹೊರಬಂದ ಇಬ್ಬರು ಗಂಡಸರು ಓಸ್ಲೊ ನಗರದಲ್ಲಿ ಸರ್ಕಾರ ಕೊಟ್ಟ ಮನೆಯಲ್ಲಿ ಬದುಕಲು ಕಲಿಯುವ ಕಥೆಯನ್ನು ಅಷ್ಟು ನಗಿಸುತ್ತಾ ಹೇಳಿದರೂ ಅವರನ್ನು ಒಮ್ಮೆಯೂ ನಗೆಪಾಟಲಿಗೆ ಗುರಿಮಾಡದ ಆ ಸಂಯಮ ನನ್ನನ್ನು ಬಹಳವಾಗಿ ತಟ್ಟಿತು. ಈ ನಿರ್ದೇಶಕರಿಗೆ ಅದು ಎಲ್ಲಿಂದ ಬಂತು? ಅವರ ಇತರ ಚಿತ್ರಗಳಲ್ಲಿಯೂ ಅದು ಕಾಣುತ್ತದೆಯೇ?

ರಂಗಾಸಕ್ತೆ:
ಅದು ರಂಗಭೂಮಿಯಿಂದ ಬಂದದ್ದೆಂದು ನಾನು ನಂಬುತ್ತೇನೆ. 1960ರಲ್ಲಿ ಜನಿಸಿದ ನೆಸ್ ನಟರಾಗಿ, ನಾಟಕ ನಿರ್ದೇಶಕರಾಗಿ ಪಳಗಿದವರು. ಇಂಗ್ವಾರ್ ಆಂಬ್ಯೋರ್ನ್‌ಸನ್ ಅವರ ಕಾದಂಬರಿಯನ್ನು ಆಧರಿಸಿದ ಈ ಕಥೆಯನ್ನು ಅವರು ಮೊದಲು ಓಸ್ಲೊದಲ್ಲಿ ರಂಗದ ಮೇಲೆ ತಂದು, ಅನಂತರ 2001ರಲ್ಲಿ ತೆರೆಗೆ ತಂದರು. ಚಿತ್ರಕಥೆ ಆಕ್ಸೆಲ್ ಹೆಲ್‌ಸ್ಟೆನಿಯಸ್ ಅವರದು. ಪ್ರೇಕ್ಷಕರ ನಗು ಎಲ್ಲಿ ಏಳುತ್ತದೆ, ಎಲ್ಲಿ ಅದು ಪಾತ್ರವನ್ನು ನೋಯಿಸುತ್ತದೆ ಎಂಬುದನ್ನು ಅವರು ಎದುರಿಗೆ ಕುಳಿತ ಜನರಿಂದಲೇ ಅರಿತಿರಬೇಕು.

ಆ ಇಬ್ಬರಲ್ಲಿ ಒಬ್ಬನಾದ ಎಲ್ಲಿಂಗ್ ತಾನು ಬರೆದ ಕವಿತೆಗಳನ್ನು ಅಂಗಡಿಯಲ್ಲಿ ಮಾರಾಟಕ್ಕಿಟ್ಟ ಹುಳಿ ಎಲೆಕೋಸಿನ ಪೊಟ್ಟಣಗಳೊಳಗೆ ಗುಟ್ಟಾಗಿ ಸೇರಿಸುವ ದೃಶ್ಯವನ್ನೇ ನೋಡಿ. ಮನೆಗೆ ಬರುವ ಫೋನನ್ನು ಎತ್ತಲೂ ಹೆದರುವವನು ಆತ. ಆದರೂ ತನ್ನ ಮಾತು ಅಪರಿಚಿತರ ಅಡುಗೆಮನೆ ತಲುಪಬೇಕೆಂಬ ಆಸೆ ಅವನಿಗಿದೆ. ಎಲ್ಲಿಂಗ್ ಪಾತ್ರಧಾರಿ ಪೆರ್ ಕ್ರಿಸ್ಟಿಯನ್ ಎಲ್ಲೆಫ್ಸನ್ ಆ ಕೆಲಸವನ್ನು ರಾಷ್ಟ್ರದ ಹೊಣೆಯೇ ತನ್ನ ಮೇಲಿದೆ ಎಂಬಷ್ಟು ಗಂಭೀರವಾಗಿ ಮಾಡುತ್ತಾರೆ, ಕ್ಯಾಮೆರಾ ಕೂಡ ಅದನ್ನು ಹಾಗೆಯೇ ಗೌರವಿಸುತ್ತದೆ. ನಮಗೆ ನಗು ಬರುವುದು ಈ ಗಾಂಭೀರ್ಯದಿಂದಲೇ.

ಉತ್ತರದ ನೋಟ:
ರಂಗಾಸಕ್ತೆಯವರ ಮಾತಿಗೆ ನನ್ನ ಸಹಮತವಿದೆ. ಟೆಲಿವಿಷನ್ನಿನ ಪಾಲನ್ನೂ ಸೇರಿಸಬೇಕು. ಜೊತೆಗಾರ ಶೆಲ್ ಬ್ಯಾರ್ನೆಯ ಪಾತ್ರ ಮಾಡಿದ ಸ್ವೆನ್ ನೂರ್ಡಿನ್, 1990ರ ದಶಕದಲ್ಲಿ ಟಿವಿ 2 ವಾಹಿನಿಯ ಹಾಸ್ಯ ಧಾರಾವಾಹಿಯೊಂದರಿಂದ ನಾರ್ವೆಯ ಮನೆಮಾತಾಗಿದ್ದವರು. ಹಾಗೆ ಜನರು ನಗಲು ಸಿದ್ಧರಾಗಿಯೇ ನೋಡುವ ನಟನನ್ನು ನೆಸ್ ಇಲ್ಲಿ ದೊಡ್ಡ ದೇಹದ, ಊಟ ಮತ್ತು ಹೆಣ್ಣಿನ ಹಂಬಲವನ್ನು ಮುಚ್ಚಿಡಲು ಬಾರದ, ಆದರೆ ಮೆಟ್ಟಿಲ ಮೇಲೆ ಬಿದ್ದ ಗರ್ಭಿಣಿ ನೆರೆಯವಳ ವಿಷಯದಲ್ಲಿ ಅತ್ಯಂತ ಮೃದುವಾಗುವ ಮನುಷ್ಯನನ್ನಾಗಿ ತೋರಿಸಿದ್ದಾರೆ.

ನಿಮ್ಮ ಎರಡನೆಯ ಪ್ರಶ್ನೆಗೆ ಬರುತ್ತೇನೆ. ಹೊಂದಾಣಿಕೆಯಾಗದ ಇಬ್ಬರನ್ನು ಒಂದೇ ಸೂರಿನಡಿ ಇಟ್ಟು ನೋಡುವುದು ನೆಸ್ ಅವರಿಗೆ ಮತ್ತೆ ಮತ್ತೆ ಒಲಿದ ವಿನ್ಯಾಸ. ಅಮೆರಿಕದಲ್ಲಿ ಮಾಡಿದ ‘ಮೊಜಾರ್ಟ್ ಆ್ಯಂಡ್ ದ ವೇಲ್’ (2005) ಚಿತ್ರದಲ್ಲಿ ಆಸ್ಪರ್ಜರ್ (ಆಟಿಸಂನ ಒಂದು ಬಗೆ) ಲಕ್ಷಣಗಳಿರುವ ಇಬ್ಬರು ಪ್ರೀತಿಸುತ್ತಾರೆ. ಎರ್ಲೆಂಡ್ ಲೂ ಅವರ ಕಾದಂಬರಿಯನ್ನು ಆಧರಿಸಿದ 2007ರ ಚಿತ್ರದಲ್ಲಿ ಹೆಣ್ಣೊಬ್ಬಳು ಯುವಕನ ಬದುಕಿನೊಳಗೆ ಬಂದು ನೆಲೆಸುತ್ತಾಳೆ. ‘ಇನ್‌ಟು ದ ವೈಟ್’ (2012) ಹಾಸ್ಯಚಿತ್ರವೇ ಅಲ್ಲ. ಆದರೂ 1940ರಲ್ಲಿ ನಾರ್ವೆಯ ಹಿಮಪರ್ವತದಲ್ಲಿ ವಿಮಾನ ಬಿದ್ದು ಒಂದೇ ಗುಡಿಸಲು ಸೇರಿದ ಬ್ರಿಟಿಷ್ ಮತ್ತು ಜರ್ಮನ್ ಸೈನಿಕರ ಕಥೆಯಲ್ಲಿ ನನಗೆ ಎಲ್ಲಿಂಗ್‌ನ ಮನೆಯೇ ಕಂಡಿತು. ಅಮೆರಿಕದ ಚಿತ್ರ ಎಲ್ಲಿಂಗ್‌ನಷ್ಟು ಗಾಢವಾಗಿಲ್ಲ ಎಂಬುದು ನನ್ನ ಅಭಿಪ್ರಾಯ, ಏಕೆಂದರೆ ಅಲ್ಲಿ ಪಾತ್ರಗಳ ವಿಲಕ್ಷಣತೆಯನ್ನು ಪ್ರೇಕ್ಷಕರಿಗೆ ವಿವರಿಸುವ ಆತುರ ಕಾಣುತ್ತದೆ. ಎಲ್ಲಿಂಗ್‌ನಲ್ಲಿ ಯಾರೂ ಏನನ್ನೂ ವಿವರಿಸುವುದಿಲ್ಲ.

ಚಿತ್ರರಸಿಕ:
ಇಬ್ಬರಿಗೂ ಕೃತಜ್ಞತೆಗಳು. ಮೊದಲು ‘ಇನ್‌ಟು ದ ವೈಟ್’ ನೋಡುವೆ. ಎಲ್ಲಿಂಗ್‌ನ ಮುಂದಿನ ಭಾಗಗಳೂ ನೆಸ್ ಅವರವೇ?

ರಂಗಾಸಕ್ತೆ:
ಎಲ್ಲವೂ ಅಲ್ಲ. 2003ರಲ್ಲಿ ಬಂದ, ಎಲ್ಲಿಂಗ್ ತಾಯಿಯೊಂದಿಗೆ ಇದ್ದ ದಿನಗಳ ಚಿತ್ರವನ್ನು ನಿರ್ದೇಶಿಸಿದವರು ಇವಾ ಇಸಾಕ್ಸನ್. 2005ರ ಮೂರನೆಯ ಚಿತ್ರಕ್ಕೆ ನೆಸ್ ಮರಳಿದರು. ಆದ್ದರಿಂದ ಅವರ ಕೈಚಳಕವನ್ನಷ್ಟೇ ಅನುಸರಿಸಬೇಕೆಂದಿದ್ದರೆ ಮೊದಲನೆಯದರ ಬಳಿಕ ನೇರವಾಗಿ ಮೂರನೆಯದಕ್ಕೆ ಹೋಗಬಹುದು.