ದಹನಕ್ಕೂ ಹೂಳುವಿಕೆಗೂ ಪರಿಸರಸ್ನೇಹಿ ಪರ್ಯಾಯಗಳು ಯಾವುವು?

ಪ್ರಶ್ನೆ:
ನನ್ನ ಮರಣಾನಂತರ ದೇಹವನ್ನು ಏನು ಮಾಡಬೇಕೆಂಬುದನ್ನು ಈಗಲೇ ಬರೆದಿಡಬೇಕೆಂದಿದ್ದೇನೆ. ದಹನದ ಇಂಧನವೆಚ್ಚ ಮತ್ತು ಹೊಗೆಯಾಗಲಿ, ಕಾಂಕ್ರೀಟ್ ಗೋರಿಯಾಗಲಿ, ಶವ ಕೆಡದಂತೆ ತುಂಬುವ ಫಾರ್ಮಾಲ್ಡಿಹೈಡ್ ಆಗಲಿ ನನಗೆ ಒಪ್ಪಿಗೆಯಿಲ್ಲ. ಚಿತಾಭಸ್ಮದಲ್ಲಿ ಬೀಜ ನೆಟ್ಟು ಮರ ಬೆಳೆಸುವ ಕುಂಡಗಳ ಜಾಹೀರಾತು ನೋಡಿದೆ. ಅದು ಸರಿಯಾದ ದಾರಿಯೇ? ಬೇರೆ ವಿಧಾನಗಳಿದ್ದರೆ ತಿಳಿದವರು ದಯವಿಟ್ಟು ವಿವರಿಸಿ.

ಉತ್ತರ 1:
ಕುಂಡದ ಮಾತು ಬರುವ ಹೊತ್ತಿಗೆ ದಹನ ಮುಗಿದೇ ಹೋಗಿರುತ್ತದೆ. ನೀವು ಬೇಡವೆನ್ನುವ ಇಂಧನವೂ ಉರಿದಿರುತ್ತದೆ. ಜೊತೆಗೆ, ಕುಲುಮೆಯ ಕಾವಿಗೆ ದೇಹದ ಸಾರಜನಕವೆಲ್ಲ ಗಾಳಿಗೆ ಸೇರಿ, ಉಳಿಯುವುದು ಬಹುಪಾಲು ಮೂಳೆಯ ಕ್ಯಾಲ್ಸಿಯಂ ಫಾಸ್ಫೇಟ್ ಮತ್ತು ಲವಣಗಳು. ಈ ಬೂದಿ ತೀರ ಕ್ಷಾರೀಯವಾದ್ದರಿಂದ ಹೆಚ್ಚು ಪ್ರಮಾಣದಲ್ಲಿ ಬೇರಿನ ಬಳಿ ಹಾಕಿದರೆ ಎಳೆಯ ಸಸಿಗೆ ಪೋಷಣೆಗಿಂತ ಹಾನಿಯೇ ಹೆಚ್ಚು. ಜಾಹೀರಾತಿನಲ್ಲಿ ಇದನ್ನು ಹೇಳುವುದಿಲ್ಲ.

ದಹನದ ಬದಲು ಕ್ಷಾರೀಯ ಜಲವಿಚ್ಛೇದನವನ್ನು ಪರಿಶೀಲಿಸಿ. ಉಕ್ಕಿನ ಪಾತ್ರೆಯಲ್ಲಿ ದೇಹವನ್ನಿಟ್ಟು, ನೀರು ಮತ್ತು ಪೊಟ್ಯಾಸಿಯಂ ಹೈಡ್ರಾಕ್ಸೈಡ್ ಎಂಬ ಪ್ರಬಲ ಕ್ಷಾರದ ದ್ರಾವಣವನ್ನು ಬಿಸಿ ಮಾಡಿದಾಗ ಮೃದು ಅಂಗಾಂಶ ಕರಗಿ, ಮೂಳೆ ಮಾತ್ರ ಉಳಿಯುತ್ತದೆ. ಅದನ್ನು ಪುಡಿಮಾಡಿ ಕುಟುಂಬಕ್ಕೆ ಕೊಡುತ್ತಾರೆ. ಸುಮಾರು 150 ಡಿಗ್ರಿ ಸೆಲ್ಸಿಯಸ್ ಉಷ್ಣತೆ ಮತ್ತು ಒತ್ತಡವಿದ್ದರೆ ಕೆಲವೇ ಗಂಟೆಗಳ ಕೆಲಸ, ಒತ್ತಡವಿಲ್ಲದಿದ್ದರೆ ಹೆಚ್ಚು ಸಮಯ ಬೇಕು. 2021ರ ಡಿಸೆಂಬರ್‌ನಲ್ಲಿ ನಿಧನರಾದ ದಕ್ಷಿಣ ಆಫ್ರಿಕಾದ ಆರ್ಚ್‌ಬಿಷಪ್ ಡೆಸ್ಮಂಡ್ ಟುಟು ಅವರಿಗೆ ಇದೇ ವಿಧಾನವನ್ನು ಅನುಸರಿಸಲಾಯಿತು.

ಉತ್ತರ 2:
ಮೇಲಿನ ಉತ್ತರಕ್ಕೆ ಒಂದು ತಕರಾರು: ಆ ವಿಧಾನದಲ್ಲಿಯೂ ದೇಹದ ಪೋಷಕಾಂಶಗಳ ಬಹುಪಾಲು ದ್ರವದೊಂದಿಗೆ ಸಾಮಾನ್ಯವಾಗಿ ಚರಂಡಿ ಸೇರುತ್ತದೆ. ಮಣ್ಣಾಗಬೇಕೆಂಬುದೇ ಆಸೆಯಾದರೆ ಮಾನವ ಕಾಂಪೋಸ್ಟಿಂಗ್ ಹೆಚ್ಚು ಹತ್ತಿರದ್ದು. ಅಮೆರಿಕದಲ್ಲಿ ಮೊದಲಿಗೆ ವಾಷಿಂಗ್ಟನ್ ರಾಜ್ಯ 2019ರಲ್ಲಿ ಇದಕ್ಕೆ ಕಾನೂನಿನ ಮಾನ್ಯತೆ ನೀಡಿತು. ಮರದ ಚೂರು, ಹುಲ್ಲು ಮುಂತಾದವುಗಳ ನಡುವೆ ದೇಹವನ್ನಿಟ್ಟು ಗಾಳಿಯಾಡಿಸಿದರೆ ಸೂಕ್ಷ್ಮಜೀವಿಗಳೇ ತಮ್ಮ ಚಟುವಟಿಕೆಯಿಂದ ಕಾವು ಹುಟ್ಟಿಸಿ, ಹೆಚ್ಚಿನ ರೋಗಾಣುಗಳನ್ನು ಕೊಲ್ಲುತ್ತವೆ; ಕೆಲವು ವಾರಗಳಲ್ಲಿ ದೇಹ ಗೊಬ್ಬರವಾಗುತ್ತದೆ. ಆದರೆ ಪ್ರಿಯಾನ್ ಎಂಬ ವಿಕೃತ ಪ್ರೋಟೀನಿನಿಂದ ಬರುವ ಮಿದುಳಿನ ರೋಗದಿಂದ ಸತ್ತವರಿಗೆ ಇದು ನಿಷಿದ್ಧ, ಏಕೆಂದರೆ ಆ ಪ್ರೋಟೀನು ಇಷ್ಟು ಕಾವಿಗೆ ನಾಶವಾಗುವುದಿಲ್ಲ.

ಉತ್ತರ 3:
ಯಂತ್ರವಿಲ್ಲದ ದಾರಿಯನ್ನು ಯಾರೂ ಹೇಳಲಿಲ್ಲವಲ್ಲ! ರಾಸಾಯನಿಕ ತುಂಬದ ದೇಹವನ್ನು ಹತ್ತಿಬಟ್ಟೆಯಲ್ಲಿ ಸುತ್ತಿ, ಕಾಂಕ್ರೀಟ್ ಇಲ್ಲದೆ ನೇರವಾಗಿ ಮಣ್ಣಿಗಿಡುವ ನೈಸರ್ಗಿಕ ಹೂಳುವಿಕೆ ಎಲ್ಲಕ್ಕಿಂತ ಸರಳ. ಇಂಗ್ಲೆಂಡಿನ ಕಾರ್ಲೈಲ್ ಸ್ಮಶಾನದಲ್ಲಿ 1993ರಲ್ಲಿ ಇಂತಹ ವನಸಮಾಧಿ ಆರಂಭವಾಯಿತು. ಗುಂಡಿ ತೀರ ಆಳವಾಗಿರಬಾರದು. ಮೇಲ್ಪದರದಲ್ಲಿ ಆಮ್ಲಜನಕವೂ ಜೀವಿಗಳೂ ಹೆಚ್ಚಿರುವುದರಿಂದ ಅಲ್ಲಿ ದೇಹ ಬೇಗ ಕರಗುತ್ತದೆ, ಆಳದಲ್ಲಿ ನಿಧಾನವಾಗಿ ಕೊಳೆತು ಮೀಥೇನ್ ಬಿಡುತ್ತದೆ. ಅಂತರ್ಜಲ ಮೇಲ್ಮಟ್ಟದಲ್ಲೇ ಸಿಗುವ ಜಾಗ ಮಾತ್ರ ಬೇಡ.

ಬರೆದಿಡುವಾಗ ಒಂದೇ ವಿಧಾನವನ್ನು ನಮೂದಿಸಬೇಡಿ. ಜಲವಿಚ್ಛೇದನ ಮತ್ತು ಕಾಂಪೋಸ್ಟಿಂಗ್ ಅನೇಕ ಕಡೆ ಇನ್ನೂ ಕಾನೂನುಬದ್ಧವಾಗಿಲ್ಲ. ಶವವನ್ನು ದೂರಕ್ಕೆ ವಿಮಾನದಲ್ಲಿ ಸಾಗಿಸಿದರೆ ಉಳಿಸಿದ ಇಂಧನವೂ ವ್ಯರ್ಥ. ಎರಡನೆಯ ಆಯ್ಕೆಯನ್ನೂ ಬರೆದು, ಅದರ ಒಂದು ಪ್ರತಿಯನ್ನು ಮನೆಯವರ ಕೈಗೆ ಕೊಡಿ; ಉಯಿಲನ್ನು ಎಷ್ಟೋ ಬಾರಿ ಅಂತ್ಯಕ್ರಿಯೆ ಮುಗಿದ ಮೇಲೆಯೇ ತೆರೆಯುತ್ತಾರೆ.