‘ಐ ಇನ್ ದ ಸ್ಕೈ’ಯಲ್ಲಿ ಇಷ್ಟೊಂದು ಗಾಯಕರು ಯಾಕೆ?

ಪ್ರಶ್ನೆ:
ಅಲನ್ ಪಾರ್ಸನ್ಸ್ ಪ್ರಾಜೆಕ್ಟ್‌ನ ಈ 1982ರ ಆಲ್ಬಮ್ ಮೊದಲ ಸಲ ಪೂರ್ತಿ ಕೇಳಿದೆ. ಹಾಡು ಬದಲಾದ ಹಾಗೆ ದನಿಯೂ ಬದಲಾಗುತ್ತದೆ. ಬ್ಯಾಂಡ್ ಅಂದ್ರೆ ಒಬ್ಬ ಮುಖ್ಯ ಗಾಯಕ ಇರ್ತಾನಲ್ವಾ? ಇವರೆಲ್ಲ ಇದೊಂದಕ್ಕೇ ಬಂದವರಾ?

ಉತ್ತರ 1:
ಇಲ್ಲ, ಹಳಬರೇ ಜಾಸ್ತಿ. ಇದು ಊರೂರು ಸುತ್ತಿ ಹಾಡುವ ಬ್ಯಾಂಡ್ ಅಲ್ಲ, ಸ್ಟುಡಿಯೋದಲ್ಲೇ ಬೆಳೆದದ್ದು. ಪಾರ್ಸನ್ಸ್ ಅವರು ಪಿಂಕ್ ಫ್ಲಾಯ್ಡ್ ಬ್ಯಾಂಡ್‌ನ ‘ಡಾರ್ಕ್ ಸೈಡ್ ಆಫ್ ದ ಮೂನ್’ ಆಲ್ಬಮ್‌ಗೆ ಸೌಂಡ್ ಎಂಜಿನಿಯರ್ ಆಗಿದ್ದವರು. ಅವರೂ ಪ್ರಾಜೆಕ್ಟ್ ಕಟ್ಟಿದ ಇನ್ನೊಬ್ಬರಾದ ಎರಿಕ್ ವುಲ್ಫ್‌ಸನ್ ಅವರೂ ಸೇರಿ, ಯಾವ ಹಾಡಿಗೆ ಯಾರ ದನಿ ಹೊಂದುತ್ತದೋ ಅವರನ್ನು ಕರೆಸುತ್ತಿದ್ದರು. ಪ್ರಾಜೆಕ್ಟ್‌ನ ಹಿಂದಿನ ಆಲ್ಬಮ್‌ಗಳನ್ನೇ ನೋಡಿ: ಲೆನ್ನಿ ಜಕಾಟೆಕ್ 1977ರ ‘ಐ ರೋಬೋಟ್’ನಲ್ಲೇ ಹಾಡಿದ್ದರು, ಕಾಲಿನ್ ಬ್ಲನ್‌ಸ್ಟೋನ್ 1978ರ ‘ಪಿರಮಿಡ್’ನಲ್ಲಿ, ಕ್ರಿಸ್ ರೇನ್‌ಬೋ 1979ರ ‘ಈವ್’ನಲ್ಲಿ. ಡೇವಿಡ್ ಪೇಟನ್ ಬೇಸ್ ಗಿಟಾರ್ ನುಡಿಸುತ್ತಲೇ ಹಾಡನ್ನೂ ಹಾಡಿದರು.

ಉತ್ತರ 2:
ಶೀರ್ಷಿಕೆ ಹಾಡಿನಲ್ಲಿರುವುದು ವುಲ್ಫ್‌ಸನ್ ಅವರದೇ ದನಿ. ಅಮೆರಿಕದ ಬಿಲ್‌ಬೋರ್ಡ್ ಪಟ್ಟಿಯಲ್ಲಿ 3ನೇ ಸ್ಥಾನಕ್ಕೆ ಹೋಯಿತು. ಆದರೂ ನನಗೆ ಬ್ಲನ್‌ಸ್ಟೋನ್ ಹಾಡಿದ ‘ಓಲ್ಡ್ ಆಂಡ್ ವೈಸ್’ ಮುಂದೆ ಅದು ಏನೂ ಅಲ್ಲ. ಎಲ್ಲೂ ಜೋರು ಮಾಡದೆ, ಮಾತಾಡಿದಷ್ಟೇ ಮೆತ್ತಗೆ ಹಾಡಿ ಎದೆ ಭಾರ ಮಾಡಿಬಿಡುತ್ತಾರೆ, ಆಮೇಲೆ ಮೆಲ್ ಕಾಲಿನ್ಸ್ ಅವರ ಸ್ಯಾಕ್ಸೊಫೋನ್ ಬೇರೆ! ಒಬ್ಬನೇ ಗಾಯಕ ಇದ್ದಿದ್ದರೆ ಇಷ್ಟು ಬಣ್ಣ ಬರ್ತಿರಲಿಲ್ಲ.

ಉತ್ತರ 3:
ಒಂದು ಮಾತು. ಶಫಲ್ ಹಾಕಿ ಕೇಳಬೇಡಿ. ಆಲ್ಬಮ್‌ನ ಮೊದಲ ಟ್ರ್ಯಾಕ್ ‘ಸಿರಿಯಸ್’ನಲ್ಲಿ ಹಾಡೇ ಇಲ್ಲ, ಬರೀ ವಾದ್ಯ, ಆದರೆ ಅದು ನೇರ ಶೀರ್ಷಿಕೆ ಹಾಡಿನೊಳಗೆ ಸೇರಿಕೊಳ್ಳುತ್ತದೆ. ಇದು ಇಷ್ಟವಾದರೆ ಮುಂದೆ ‘ಪಿರಮಿಡ್’ ಕೇಳಿ.