ಪದಚರ್ಚೆ: ಫ್ರೆಂಚಿನ ‘ಸಾಕ್ರ್’ಗೆ ನಮ್ಮ ‘ಪಟ್ಟಾಭಿಷೇಕ’ ಸಾಕಾಗುತ್ತದೆಯೇ?

ಎಲ್ಲರಿಗೂ ನಮಸ್ಕಾರ.

ಒಂದು ಪದದ ಮುಂದೆ ಮೂರು ವಾರದಿಂದ ನಿಂತುಬಿಟ್ಟಿದ್ದೇನೆ. ನಿಮ್ಮ ನೆರವು ಬೇಕು.

ಮಧ್ಯಯುಗದ ಫ್ರಾನ್ಸಿನ ಅರಸರ ಬಗ್ಗೆ ಕಾಲೇಜು ಮಕ್ಕಳಿಗಾಗಿ ಒಂದು ಸಣ್ಣ ಪುಸ್ತಕ ಬರೆಯುತ್ತಿದ್ದೇನೆ. ಒಂದು ಕಡೆ ‘1422ರಲ್ಲಿ ತಂದೆ ತೀರಿಕೊಂಡ ಮೇಲೆ ಏಳನೆಯ ಚಾರ್ಲ್ಸ್ ಪಟ್ಟಕ್ಕೆ ಬಂದ’ ಎಂದು ಬರೆದಿದ್ದೆ. ಎರಡು ಪುಟ ಕಳೆದ ಮೇಲೆ ‘1429ರ ಜುಲೈ 17ರಂದು ರೀಮ್ಸ್ ಊರಿನಲ್ಲಿ ಅವನ ಪಟ್ಟಾಭಿಷೇಕ ನಡೆಯಿತು’ ಎಂದಿದೆ. ಕರಡು ಓದಿದ ನನ್ನ ಅಣ್ಣನ ಮಗಳು ಎರಡರ ಕೆಳಗೂ ಪೆನ್ಸಿಲ್ಲಿನಲ್ಲಿ ಗೆರೆ ಎಳೆದು ತಂದಳು. “ಅತ್ತೆ, ಒಂದ್ಸಲ ಪಟ್ಟಕ್ಕೆ ಬಂದವನಿಗೆ ಏಳು ವರ್ಷ ಬಿಟ್ಟು ಮತ್ತೆ ಯಾಕೆ ಪಟ್ಟ?” ಅಂತ ಕೇಳಿದಳು.

ಕೇಳಿದ್ದು ಸರಿಯಾಗಿಯೇ ಇದೆ. ತಪ್ಪು ನನ್ನ ಪದದ್ದು.

ರೀಮ್ಸ್‌ನಲ್ಲಿ ನಡೆದದ್ದಕ್ಕೆ ಫ್ರೆಂಚರು ‘ಸಾಕ್ರ್’ ಅನ್ನುತ್ತಾರೆ. ಕಿರೀಟ ತೊಡಿಸುವುದಕ್ಕೆ ಅವರಲ್ಲಿ ಬೇರೆಯದೇ ಪದ ಇದೆ, ‘ಕೂರೊನ್ಮಾಂ’. ಎರಡೂ ಒಂದೇ ದಿನ, ಒಂದೇ ಚರ್ಚಿನಲ್ಲಿ ನಡೆಯುತ್ತಿದ್ದವು. ಆದರೂ ಹೆಸರು ಬೇರೆ, ತೂಕವೂ ಬೇರೆ. ಸಾಕ್ರ್ ಅಂದರೆ ಅರಸನ ಮೈಗೆ ಪವಿತ್ರ ಎಣ್ಣೆ ಹಚ್ಚಿ ಅವನನ್ನು ದೇವರ ಕೆಲಸಕ್ಕೆ ಮೀಸಲು ಮಾಡುವುದು. ಮೊದಲು ಎಣ್ಣೆ, ಆಮೇಲೆ ಉಂಗುರ, ರಾಜದಂಡ, ಕೊನೆಗೆ ಕಿರೀಟ.

ನಮ್ಮ ‘ಪಟ್ಟಾಭಿಷೇಕ’ದಲ್ಲೂ ಎರಡು ಕೆಲಸ ಕೂಡಿಕೊಂಡಿವೆ. ಪಟ್ಟ ಅಂದರೆ ಹಣೆಗೆ ಕಟ್ಟುವ ಚಿನ್ನದ ಪಟ್ಟಿ. ರಾಷ್ಟ್ರಕೂಟರ ಶಾಸನಗಳಲ್ಲಿ ಬರುವ ‘ಪಟ್ಟಬಂಧ’ ಅದೇ. ಅಭಿಷೇಕ ಅಂದರೆ ತಲೆಯ ಮೇಲೆ ನೀರು ಹೊಯ್ಯುವುದು. ಆದರೆ ಇವತ್ತು ಆ ಪದ ಕೇಳಿದರೆ ಪಟ್ಟಿಯೂ ಕಾಣುವುದಿಲ್ಲ, ನೀರೂ ಕಾಣುವುದಿಲ್ಲ. ಸಿಂಹಾಸನ, ಕಿರೀಟ, ಜಯಘೋಷ ಮಾತ್ರ ಕಣ್ಣಿಗೆ ಬರುತ್ತವೆ. ಎಣ್ಣೆಯಂತೂ ಅಲ್ಲಿ ಇಲ್ಲವೇ ಇಲ್ಲ. ಫ್ರಾನ್ಸಿನ ಕತೆಯಲ್ಲಿ ಎಣ್ಣೆ ಬಿಟ್ಟರೆ ಉಳಿಯುವುದು ತುಂಬ ಕಡಿಮೆ.

ಯಾಕೆ ಅಂತ ಸ್ವಲ್ಪ ಬಿಡಿಸಿ ಹೇಳುತ್ತೇನೆ. ಪದ ಆರಿಸಲು ಅದು ಬೇಕು.

ಫ್ರಾನ್ಸನ್ನು ಮೊದಮೊದಲು ಆಳಿದ ಮೆರೊವಿಂಜಿಯನ್ ಮನೆತನದ ಅರಸರ ಗುರುತು ಉದ್ದ ಕೂದಲು. 751ರಲ್ಲಿ ಅರಮನೆಯ ಮುಖ್ಯ ಆಡಳಿತಗಾರನಾಗಿದ್ದ ಪೆಪಿನ್ ಆ ಮನೆತನದ ಕೊನೆಯ ಅರಸ ಮೂರನೆಯ ಚಿಲ್ಡೆರಿಕ್‌ನನ್ನು ಇಳಿಸಿ, ಕೂದಲು ಕತ್ತರಿಸಿ ಮಠಕ್ಕೆ ಕಳಿಸಿದ. ಅಧಿಕಾರ ಪೆಪಿನ್‌ನ ಕೈಯಲ್ಲಿ ಮೊದಲೇ ಇತ್ತು, ಅರಸುಮನೆತನದ ರಕ್ತ ಇರಲಿಲ್ಲ. ಆ ಕೊರತೆಯನ್ನು ತುಂಬಿದ್ದು ಎಣ್ಣೆ. ಬೈಬಲ್ಲಿನಲ್ಲಿ ಸಮುವೇಲ ಸೌಲನಿಗೂ ದಾವೀದನಿಗೂ ಎಣ್ಣೆ ಹೊಯ್ದ ಹಾಗೆ ಬಿಷಪ್ಪರು ಪೆಪಿನ್‌ಗೆ ಎಣ್ಣೆ ಹಚ್ಚಿದರು. 754ರಲ್ಲಿ ಪೋಪ್ ಎರಡನೆಯ ಸ್ಟೀಫನ್ ತಾನೇ ಫ್ರಾನ್ಸಿಗೆ ಬಂದು, ಪ್ಯಾರಿಸ್ ಹತ್ತಿರದ ಸಾಂ ದನಿ ಮಠದಲ್ಲಿ ಅವನಿಗೂ ಅವನ ಮಕ್ಕಳಿಗೂ ಮತ್ತೊಮ್ಮೆ ಹಚ್ಚಿದ. ಮುಂದಿನ ಶತಮಾನದಲ್ಲಿ ರೀಮ್ಸ್‌ನ ಆರ್ಚ್‌ಬಿಷಪ್ ಹಿಂಕ್ಮಾರ್ ಇದಕ್ಕೆ ಒಂದು ಕತೆ ಸೇರಿಸಿದ. ಹಳೆಯ ಅರಸ ಕ್ಲೋವಿಸ್‌ಗೆ ರೀಮ್ಸ್‌ನ ಆಗಿನ ಬಿಷಪ್ ಸಂತ ರೆಮಿ ದೀಕ್ಷಾಸ್ನಾನ ಕೊಟ್ಟ ದಿನ ಒಂದು ಪಾರಿವಾಳ ಸ್ವರ್ಗದಿಂದ ಎಣ್ಣೆಯ ಕುಪ್ಪಿ ತಂದಿತು, ಆ ಕುಪ್ಪಿ ನಮ್ಮ ಊರಿನಲ್ಲೇ ಇದೆ ಅಂತ. ಕತೆ ಬೇರೂರಿತು. ಅದರ ಜೊತೆ, ಅರಸರಿಗೆ ಎಣ್ಣೆ ಹಚ್ಚುವ ಹಕ್ಕು ರೀಮ್ಸ್‌ನದು ಅನ್ನುವುದೂ ನಿಧಾನಕ್ಕೆ ಗಟ್ಟಿಯಾಯಿತು.

ಕುಪ್ಪಿ ಅಂತ ಬೇಕೆಂದೇ ಬರೆದೆ. ಫ್ರೆಂಚಿನಲ್ಲಿ ಅದು ‘ಸೇಂತ್ ಆಂಪೂಲ್’. ಮೆಡಿಕಲ್ ಶಾಪಿನಲ್ಲಿ ಸಿಗುವ ಇಂಜೆಕ್ಷನ್ನಿನ ಆಂಪ್ಯೂಲ್ ಇದೆಯಲ್ಲ, ಅದೇ ಪದ. ಪವಿತ್ರ ಪಾತ್ರೆ, ಪುಣ್ಯ ಕಲಶ ಅಂತೆಲ್ಲ ಬರೆದು ನೋಡಿದೆ. ಎಲ್ಲವೂ ತುಂಬ ದೊಡ್ಡದಾಗಿ ಕಾಣುತ್ತವೆ. ಇದು ಚಿಕ್ಕ ಗಾಜಿನ ಸೀಸೆ. ಒಳಗೆ ಒಣಗಿದ ಕೆಂಪು ಬಣ್ಣದ ಅಂಟು. ಕರಾವಳಿಯವರಿಗೆ ಕುಪ್ಪಿ ದಿನಬಳಕೆಯ ಮಾತು, ಕನ್ನಡ ಬೈಬಲ್ ಓದುವವರಿಗೂ ‘ಎಣ್ಣೆಯ ಕುಪ್ಪಿ’ ಹೊಸದಲ್ಲ. ‘ಪವಿತ್ರ ಕುಪ್ಪಿ’ ಎಂದೇ ಇಟ್ಟುಕೊಂಡಿದ್ದೇನೆ. ಇದಕ್ಕೆ ಯಾರದ್ದಾದರೂ ತಕರಾರು ಇದ್ದರೆ ಹೇಳಿ.

ಈಗ 1429ಕ್ಕೆ ಬರೋಣ. ಚಾರ್ಲ್ಸ್‌ನ ರಾಜ್ಯದ ಅರ್ಧಭಾಗ ಇಂಗ್ಲಿಷರ ಮತ್ತು ಅವರ ಜೊತೆಗಾರರ ಕೈಯಲ್ಲಿತ್ತು. ಇಂಗ್ಲಿಷರ ಮುತ್ತಿಗೆಯಿಂದ ಓರ್ಲೆಯಾನ್ ಊರು ಬಿಡುಗಡೆಯಾದ ಮೇಲೆ ಅವನ ಸೇನಾಪತಿಗಳ ತಲೆಯಲ್ಲಿ ಬೇರೆ ಬೇರೆ ಯೋಚನೆ ಇತ್ತು. ಅವನ ಪರವಾಗಿ ಸೇನೆಯ ಜೊತೆ ಬಂದಿದ್ದ ಹಳ್ಳಿಯ ಹುಡುಗಿ ಜೋನ್ ಆಫ್ ಆರ್ಕ್ ಮಾತ್ರ ಮೊದಲು ರೀಮ್ಸ್‌ಗೆ ಹೋಗಬೇಕು ಅಂತ ಹಟ ಹಿಡಿದಳು. ಎಣ್ಣೆ ಹಚ್ಚುವವರೆಗೂ ಅವಳು ಅವನನ್ನು ಅರಸ ಅನ್ನಲಿಲ್ಲ, ‘ದೊಫಾಂ’ ಅಂದಳು. ಅಂದರೆ ಪಟ್ಟದ ಹಕ್ಕಿರುವ ಮಗ. ಆ ದಿನ ಸಾಂ ರೆಮಿ ಮಠದಿಂದ ಕುಪ್ಪಿ ತರಲು ನಾಲ್ಕು ಜನ ದೊಡ್ಡ ಸರದಾರರು ಕುದುರೆ ಏರಿ ಹೋದರು. ಜೋಪಾನವಾಗಿ ವಾಪಸು ತಂದು ಮುಟ್ಟಿಸುತ್ತೇವೆ ಅಂತ ಆಣೆ ಇಟ್ಟ ಮೇಲೇ ಕುಪ್ಪಿ ಮಠದಿಂದ ಹೊರಗೆ ಬಂತು.

ನನ್ನ ಪದದ ಕಷ್ಟಕ್ಕೆ ಮುಖ್ಯವಾದ ಸಂಗತಿ ಇಲ್ಲಿದೆ. ಅರಸರ ಹಳೆಯ ಕಿರೀಟ, ರಾಜಚಿಹ್ನೆ ಎಲ್ಲ ಸಾಂ ದನಿ ಮಠದಲ್ಲಿದ್ದವು. ಸಾಂ ದನಿ ಇದ್ದದ್ದು ಶತ್ರುಗಳ ಹಿಡಿತದಲ್ಲಿ. ಹಾಗಾಗಿ ರೀಮ್ಸ್‌ನಲ್ಲಿ ಸಿಕ್ಕ ಬೇರೊಂದು ಕಿರೀಟದಲ್ಲೇ ಕೆಲಸ ಮುಗಿಸಿದರು. ಅದರಿಂದ ಏನೂ ಕಡಿಮೆ ಆಗಲಿಲ್ಲ. ಎಣ್ಣೆ ಅದೇ ಇತ್ತಲ್ಲ. ಎರಡು ವರ್ಷ ಕಳೆದು, 1431ರ ಡಿಸೆಂಬರಿನಲ್ಲಿ, ಇಂಗ್ಲಿಷರು ತಮ್ಮ ಬಾಲಕ ಅರಸ ಆರನೆಯ ಹೆನ್ರಿಗೆ ಪ್ಯಾರಿಸ್ಸಿನ ನೋತ್ರ್ ದಾಮ್‌ನಲ್ಲಿ ಫ್ರಾನ್ಸಿನ ಕಿರೀಟ ತೊಡಿಸಿದರು. ಸಡಗರ ಇತ್ತು, ಬಿಷಪ್ಪರಿದ್ದರು. ರೀಮ್ಸ್‌ನ ಕುಪ್ಪಿ ಇರಲಿಲ್ಲ. ಅದು ಫ್ರಾನ್ಸಿನ ಬಹಳ ಜನರ ಮನಸ್ಸಿಗೆ ನಾಟಲೇ ಇಲ್ಲ.

ಎರಡಕ್ಕೂ ‘ಪಟ್ಟಾಭಿಷೇಕ’ ಅಂತ ಬರೆದರೆ ಕನ್ನಡದ ಓದುಗರಿಗೆ ಈ ವ್ಯತ್ಯಾಸ ಗೊತ್ತಾಗುವುದು ಹೇಗೆ?

ನಾನು ತೂಗಿ ನೋಡಿದ ಪದಗಳು ಇವು. ‘ರಾಜ್ಯಾಭಿಷೇಕ’ದಲ್ಲೂ ಅದೇ ತೊಂದರೆ. ಬರೀ ‘ಅಭಿಷೇಕ’ ಚೆನ್ನಾಗಿದೆ. ಕನ್ನಡ ಕ್ರೈಸ್ತರಲ್ಲಿ ‘ಅಭಿಷೇಕಿಸು’, ‘ಅಭಿಷಿಕ್ತ’ ಎರಡೂ ಎಣ್ಣೆಯ ಅರ್ಥದಲ್ಲೇ ಬೇರು ಬಿಟ್ಟಿವೆ. ಕ್ರಿಸ್ತ ಎಂಬ ಹೆಸರಿನ ಅರ್ಥವೇ ಎಣ್ಣೆ ಹಚ್ಚಿಸಿಕೊಂಡವನು ಅಂತ. ಆದರೆ ಉಳಿದವರಿಗೆ ಅಭಿಷೇಕ ಅಂದರೆ ಹಾಲು, ಮೊಸರು, ನೀರು. ‘ತೈಲಾಭಿಷೇಕ’ ಅಂದರೆ ಶನಿವಾರ ಶನಿದೇವರ ಗುಡಿಯಲ್ಲಿ ಎಳ್ಳೆಣ್ಣೆ ಧಾರೆ ಬಿಡುವುದು ಕಣ್ಣ ಮುಂದೆ ಬರುತ್ತದೆ. ರೀಮ್ಸ್‌ನಲ್ಲಿ ಯಾರೂ ಎಣ್ಣೆ ಸುರಿಯುತ್ತಿರಲಿಲ್ಲ. ಆರ್ಚ್‌ಬಿಷಪ್ ಚಿನ್ನದ ಸೂಜಿಯಿಂದ ಕುಪ್ಪಿಯೊಳಗಿನ ಅಂಟನ್ನು ಚೂರೇ ಚೂರು ಕೆರೆದು, ತಟ್ಟೆಯಲ್ಲಿದ್ದ ಬೇರೆ ಪವಿತ್ರ ಎಣ್ಣೆಯಲ್ಲಿ ಕಲಸುತ್ತಿದ್ದ. ಅರಸ ಮುಂದೆಯೂ ಹಿಂದೆಯೂ ಬಿಚ್ಚಲು ಬರುವ ಅಂಗಿ ತೊಟ್ಟು ಮಂಡಿಯೂರುತ್ತಿದ್ದ. ನೆತ್ತಿ, ಎದೆ, ಬೆನ್ನಿನ ನಡು, ಎರಡು ಭುಜ, ಎರಡು ತೋಳಿನ ಮಡಿಕೆ. ಒಂದೊಂದು ಜಾಗಕ್ಕೂ ಬೆರಳಿನಿಂದ ಶಿಲುಬೆಯ ಗುರುತು. ಅಂಗೈಗೆ ಆಮೇಲೆ.

ಇದನ್ನು ಬರೆಯುವಾಗ ನನಗೆ ನಮ್ಮ ಅಜ್ಜಿ ನೆನಪಾದರು. ನರಕ ಚತುರ್ದಶಿಯ ಬೆಳಗ್ಗೆ, ಇನ್ನೂ ಕತ್ತಲಿರುವಾಗಲೇ ಮಣೆ ಹಾಕಿ ಕೂರಿಸುತ್ತಿದ್ದರು. ಬಟ್ಟಲಲ್ಲಿ ಬೆಚ್ಚಗಿನ ಎಣ್ಣೆ. ಗರಿಕೆ ಅದ್ದಿ ನೆತ್ತಿಗೆ ಮುಟ್ಟಿಸಿ, ಆಮೇಲೆ ಭುಜ, ಮಂಡಿ, ಪಾದ. ಬಾಯಲ್ಲಿ ಮೆಲ್ಲಗೆ ಅಶ್ವತ್ಥಾಮ, ಬಲಿ, ವ್ಯಾಸ ಅಂತ ಚಿರಂಜೀವಿಗಳ ಹೆಸರು. ಇದಕ್ಕೆ ನಮ್ಮ ಮನೆಯಲ್ಲಿ ‘ಎಣ್ಣೆ ಒತ್ತುವುದು’ ಅನ್ನುತ್ತಿದ್ದರು. ಮದುವೆಯಲ್ಲಿ ಮದುಮಕ್ಕಳಿಗೂ ಹೀಗೇ. ಎಣ್ಣೆ ಒತ್ತಿದ ಮೇಲೆ ಆ ಹೊತ್ತಿಗೆ ಅವರು ಬರೀ ಮನೆಮಕ್ಕಳಲ್ಲ, ಮದುಮಕ್ಕಳು. ಜಾಗ ಜಾಗಕ್ಕೆ ಚೂರು ಎಣ್ಣೆ, ಹಚ್ಚುವವರ ಬಾಯಲ್ಲಿ ಪವಿತ್ರ ಮಾತು, ಹಚ್ಚಿದ ಮೇಲೆ ಆ ವ್ಯಕ್ತಿಯ ಸ್ಥಾನವೇ ಬೇರೆ. ಇಷ್ಟು ಹತ್ತಿರದ ಮಾತು ಕನ್ನಡದಲ್ಲಿ ಮತ್ತೊಂದು ನನಗೆ ಸಿಗಲಿಲ್ಲ.

ಹೆಸರುಪದಕ್ಕೆ ‘ಪಟ್ಟದೆಣ್ಣೆ’ ಅಂತ ಯೋಚಿಸಿದ್ದೇನೆ. ಪಟ್ಟದರಸಿ, ಪಟ್ಟದಾನೆ, ಪಟ್ಟದ ಕತ್ತಿ ಇರುವಾಗ ಪಟ್ಟದೆಣ್ಣೆ ಯಾಕೆ ಬೇಡ? ಆಗ ನನ್ನ ವಾಕ್ಯಗಳು ಹೀಗಾಗುತ್ತವೆ: ‘1422ರಲ್ಲಿ ಚಾರ್ಲ್ಸ್ ಪಟ್ಟಕ್ಕೆ ಬಂದ. 1429ರಲ್ಲಿ ರೀಮ್ಸ್‌ನಲ್ಲಿ ಅವನಿಗೆ ಪಟ್ಟದೆಣ್ಣೆ ಒತ್ತಿದರು.’ ಅಣ್ಣನ ಮಗಳಿಗೆ ತೋರಿಸಿದೆ. ಈ ಸಲ ಗೆರೆ ಎಳೆಯಲಿಲ್ಲ.

ಇನ್ನೊಂದು ಸಣ್ಣ ತೊಡಕು. 987ರಿಂದ ಫ್ರಾನ್ಸನ್ನು ಆಳಿದ ಕ್ಯಾಪೆಟ್ ಮನೆತನದ ಮೊದಮೊದಲ ಅರಸರಲ್ಲಿ ಹೆಚ್ಚಿನವರು ತಾವು ಬದುಕಿರುವಾಗಲೇ ಮಗನಿಗೆ ಎಣ್ಣೆ ಹಚ್ಚಿಸುತ್ತಿದ್ದರು. ಹ್ಯೂ ಕ್ಯಾಪೆಟ್ ತಾನು ಅರಸನಾದ 987ರಲ್ಲೇ ಮಗ ರಾಬರ್ಟ್‌ಗೆ ಮಾಡಿಸಿದ. 1179ರಲ್ಲಿ ಎರಡನೆಯ ಫಿಲಿಪ್‌ಗೂ ತಂದೆ ಇರುವಾಗಲೇ ಆಯಿತು. ಇದಕ್ಕೆ ‘ಯುವರಾಜ ಪಟ್ಟ’ ಅಂತ ಬರೆಯುವುದು ತಪ್ಪಾಗುತ್ತದೆ, ಯಾಕೆಂದರೆ ಮಗ ಆ ದಿನದಿಂದ ಪೂರ್ತಿ ಅರಸನೇ. 1223ರಲ್ಲಿ ಪಟ್ಟಕ್ಕೆ ಬಂದ ಎಂಟನೆಯ ಲೂಯಿಯ ಹೊತ್ತಿಗೆ ಮನೆತನ ಗಟ್ಟಿಯಾಗಿತ್ತು, ಅದರ ಅಗತ್ಯ ಬೀಳಲಿಲ್ಲ. 1270ರಲ್ಲಿ ಒಂಬತ್ತನೆಯ ಲೂಯಿ ಟ್ಯೂನಿಸ್ ಹತ್ತಿರ ತೀರಿಕೊಂಡಾಗ, ಮಗ ಮೂರನೆಯ ಫಿಲಿಪ್‌ನ ಆಳ್ವಿಕೆಯನ್ನು ಅವತ್ತಿನಿಂದಲೇ ಎಣಿಸಿದರು. ಎಣ್ಣೆ ಆದದ್ದು ಮುಂದಿನ ವರ್ಷ. ಅಂದರೆ ಅರಸನನ್ನು ಮಾಡುವುದು ಬಿಷಪ್ಪರ ಕೈಯೋ, ಹುಟ್ಟೋ ಅನ್ನುವ ಪ್ರಶ್ನೆಗೆ ಆಸ್ಥಾನ ತನ್ನ ಉತ್ತರ ಕೊಟ್ಟುಬಿಟ್ಟಿತ್ತು. ಒಂದೂವರೆ ಶತಮಾನ ಕಳೆದರೂ ದೊಂರೆಮಿ ಹಳ್ಳಿಯ ಹುಡುಗಿ ಜೋನ್‌ಳ ಉತ್ತರ ಬೇರೆ ಇತ್ತು. ನನಗೆ ಇಡೀ ಪುಸ್ತಕದಲ್ಲಿ ಜಾಸ್ತಿ ಇಷ್ಟವಾದ ಜಾಗ ಇದು. ಅದಕ್ಕೇ ‘ಪಟ್ಟಕ್ಕೆ ಬರು’ ಮತ್ತು ‘ಪಟ್ಟದೆಣ್ಣೆ ಒತ್ತು’ ಎರಡನ್ನೂ ಬೇರೆ ಇಡಬೇಕು ಅನ್ನುತ್ತಿರುವುದು.

ಕೊನೆಯ ಪ್ರಶ್ನೆ ‘ಕೈಗುಣ’ದ್ದು. ಫ್ರಾನ್ಸಿನ ಅರಸ ಮುಟ್ಟಿದರೆ ಗಂಡಮಾಲೆ ವಾಸಿಯಾಗುತ್ತದೆ ಎಂದು ಜನ ನಂಬಿದ್ದರು. ಗಂಡಮಾಲೆ ಸರಿಯಾದ ಪದವೇ, ಕತ್ತಿನಲ್ಲಿ ಗಂಟು ಗಂಟಾಗಿ ಏಳುವ ಕಾಯಿಲೆ. ಹನ್ನೆರಡನೆಯ ಶತಮಾನದ ಮೊದಲ ಭಾಗದಲ್ಲಿ ನೊಜಾಂ ಮಠದ ಮುಖ್ಯಸ್ಥ ಗಿಬೇರ್ ಇದನ್ನು ಕಣ್ಣಾರೆ ಕಂಡದ್ದನ್ನು ಬರೆದಿದ್ದಾನೆ. ರೋಗಿಗಳು ಗುಂಪಾಗಿ ಆರನೆಯ ಲೂಯಿಯ ಮೇಲೆ ಮುಗಿಬಿದ್ದರು. ಪಕ್ಕದಲ್ಲಿದ್ದ ಗಿಬೇರ್ ಅವರನ್ನು ಹಿಂದೆ ತಳ್ಳಲು ನೋಡಿದ. ಅರಸನೇ ಕೈಚಾಚಿ ಅವರನ್ನು ಹತ್ತಿರ ಎಳೆದುಕೊಂಡು ಶಿಲುಬೆಯ ಗುರುತು ಮಾಡಿದ. ಮುಂದಿನ ಕಾಲದಲ್ಲಿ ಹೀಗೆ ಮುಟ್ಟುವಾಗ ಹೇಳುತ್ತಿದ್ದ ಮಾತೂ ಇದೆ: ಅರಸ ನಿನ್ನನ್ನು ಮುಟ್ಟುತ್ತಾನೆ, ದೇವರು ನಿನ್ನನ್ನು ವಾಸಿಮಾಡುತ್ತಾನೆ.

‘ರಾಜಸ್ಪರ್ಶ’ ಅಂತ ಬರೆದರೆ ಒಣಗಿದ ಹಾಗಿರುತ್ತದೆ. ‘ಅರಸನ ಕೈಗುಣ’ ಅಂದ ತಕ್ಷಣ ಯಾರಿಗಾದರೂ ತಿಳಿಯುತ್ತದೆ. ಆ ಡಾಕ್ಟರ ಕೈಗುಣ ಒಳ್ಳೆಯದು ಅಂತ ದಿನಾ ಹೇಳುತ್ತೇವಲ್ವಾ? ನನ್ನ ಅನುಮಾನ ಒಂದೇ. ನಮ್ಮಲ್ಲಿ ಕೈಗುಣ ಆಯಾ ವ್ಯಕ್ತಿಯದು. ಫ್ರಾನ್ಸಿನಲ್ಲಿ ಅದು ಎಣ್ಣೆಯಿಂದ ಬಂದದ್ದು, ಪಟ್ಟದ ಜೊತೆ ತಂದೆಯಿಂದ ಮಗನಿಗೆ ಇಳಿಯುವಂಥದ್ದು. ಆದರೆ ಅದೇ ಗಿಬೇರ್ ಇನ್ನೊಂದು ಮಾತು ಬರೆದಿದ್ದಾನೆ. ಲೂಯಿಯ ತಂದೆ ಒಂದನೆಯ ಫಿಲಿಪ್‌ಗೂ ಈ ಶಕ್ತಿ ಇತ್ತಂತೆ, ಏನೋ ತಪ್ಪು ಮಾಡಿ ಕಳೆದುಕೊಂಡನಂತೆ. ಅವನಿಗೂ 1059ರಲ್ಲಿ ರೀಮ್ಸ್‌ನಲ್ಲೇ ಎಣ್ಣೆ ಒತ್ತಿದ್ದರು. ಎಣ್ಣೆ ಉಳಿಯಿತು, ಕೈಗುಣ ಹೋಯಿತು. ಹಾಗಾದರೆ ನಮ್ಮ ಪದ ಅಷ್ಟೇನೂ ದೂರ ಇಲ್ಲ ಅಂತ ನನಗೆ ಅನ್ನಿಸುತ್ತದೆ.

ಕುಪ್ಪಿಯನ್ನು 1793ರ ಅಕ್ಟೋಬರಿನಲ್ಲಿ ಕ್ರಾಂತಿ ಸರ್ಕಾರದ ಪ್ರತಿನಿಧಿ ಫಿಲಿಪ್ ರೂಲ್ ರೀಮ್ಸ್‌ನ ಚೌಕದಲ್ಲಿ ಎಲ್ಲರ ಎದುರಿಗೇ ಒಡೆದುಹಾಕಿದ. ಆ ಪುಟದಲ್ಲಿ ‘ಕುಪ್ಪಿ ಚೂರುಚೂರಾಯಿತು’ ಅಂತಲೇ ಬರೆದಿದ್ದೇನೆ. ಅಲ್ಲಿ ಬೇರೆ ಪದ ಹುಡುಕುವ ಕಷ್ಟ ಬರಲಿಲ್ಲ.

ನಿಮ್ಮಿಂದ ಬೇಕಾದದ್ದು ಇಷ್ಟು. ‘ಎಣ್ಣೆ ಒತ್ತು’ ನಿಮ್ಮ ಊರಿನಲ್ಲಿ ಬಳಕೆಯಲ್ಲಿದೆಯಾ? ಉತ್ತರ ಕರ್ನಾಟಕದವರು, ಮಲೆನಾಡಿನವರು ಇದಕ್ಕೆ ಏನು ಹೇಳುತ್ತೀರಿ? ಹಚ್ಚುವುದು, ಇಡುವುದು, ಮುಟ್ಟಿಸುವುದು, ಏನಿದ್ದರೂ ಸರಿ, ಯಾವ ಸಂದರ್ಭದಲ್ಲಿ, ಯಾರು ಯಾರಿಗೆ ಅನ್ನುವುದನ್ನೂ ಸೇರಿಸಿ ಬರೆಯಿರಿ. ಚರ್ಚಿನ ಕನ್ನಡ ಬಲ್ಲವರು, ಪಾದ್ರಿಗಳಿಗೆ ದೀಕ್ಷೆ ಕೊಡುವಾಗ ಅಂಗೈಗೆ ಎಣ್ಣೆ ಹಚ್ಚುವುದಕ್ಕೆ ನಿಮ್ಮಲ್ಲಿ ಬಾಯಿಮಾತಿನಲ್ಲಿ ಏನನ್ನುತ್ತಾರೆ ಅಂತ ದಯವಿಟ್ಟು ತಿಳಿಸಿ. ಕರಡು ಈ ತಿಂಗಳ ಕೊನೆಗೆ ಕೊಡಬೇಕು. ಅಲ್ಲಿಯವರೆಗೆ ‘ಪಟ್ಟದೆಣ್ಣೆ’ ಇರುವ ಕಡೆಯೆಲ್ಲ ಪೆನ್ಸಿಲ್ಲಿನಲ್ಲೇ ಬರೆದಿಟ್ಟಿರುತ್ತೇನೆ.